ಹೊನಗೊನ್ನೆ ಸೊಪ್ಪು: ಕಟ್ಟು ಬಿಚ್ಚುವ ಮೊದಲು ಎರಡು ಪ್ರಶ್ನೆ

ಕಣ್ಣಿಗೆ ತಂಪು, ಮೈಗೆ ಕಾಂತಿ ಅಂತ ನಾವು ಪ್ರೀತಿಯಿಂದ ಕೊಳ್ಳುವ ಸೊಪ್ಪು ಇದು. ಆದರೆ ಕಟ್ಟಿನಲ್ಲಿರುವುದು ನಿಜಕ್ಕೂ ಹೊನಗೊನ್ನೆಯೇ? ಅದು ಬೆಳೆದದ್ದು ಯಾವ ನೀರಿನಲ್ಲಿ?

ನಮ್ಮ ಆರ್‌ಪಿಸಿ ಲೇಔಟಿನಲ್ಲಿ ಬೆಳಗ್ಗೆ ಏಳು ಗಂಟೆಗೆಲ್ಲ "ಸೊಪ್ಪೋ... ಸೊಪ್ಪೂ..." ಅನ್ನುವ ಕೂಗು ಕೇಳುತ್ತದೆ. ಒಲೆಯ ಮೇಲೆ ಹಾಲು, ಕಟ್ಟೆಯ ಮೇಲೆ ಮಕ್ಕಳ ಟಿಫನ್ ಡಬ್ಬಿ, ಇನ್ನೊಂದು ಕಡೆ ಕುಕ್ಕರಿನ ವಿಷಲ್. ಅಷ್ಟರ ನಡುವೆಯೇ ಗೇಟಿನ ಹತ್ತಿರ ಓಡಿ ದಂಟು, ಮೆಂತ್ಯ, ಪಾಲಕ್, ಸಬ್ಬಸಿಗೆ ಅಂತ ನಾಲ್ಕು ಕಟ್ಟು ಆರಿಸಿಕೊಳ್ಳುತ್ತೇವೆ. ಇವುಗಳ ಪಕ್ಕದಲ್ಲಿ ಆಗಾಗ ಇನ್ನೊಂದು ಕಟ್ಟು ಕಾಣಿಸುತ್ತದೆ. ತೆಳ್ಳಗಿನ ಕಾಂಡ, ಪುಟ್ಟ ಎಲೆ, ಗೆಣ್ಣು ಗೆಣ್ಣಿನಲ್ಲೂ ಬಿಳಿ ಮೊಗ್ಗಿನಂಥ ಹೂವು. "ಹೊನಗೊನ್ನೆ ತಗೊಳ್ಳಿ ಅಕ್ಕಾ, ಕಣ್ಣಿಗೆ ಒಳ್ಳೇದು" ಅಂದರೆ ಮುಗಿಯಿತು. ಮನೆಯಲ್ಲಿ ಕನ್ನಡಕ ಹಾಕುವ ಮಗು ಒಂದಿದ್ದರಂತೂ ಎರಡು ಕಟ್ಟೇ ಒಳಗೆ ಬರುತ್ತದೆ!

ದಂಟು, ಮೆಂತ್ಯವನ್ನು ರೈತರು ಬಿತ್ತಿ ಬೆಳೆಯುತ್ತಾರೆ. ಹೊನಗೊನ್ನೆ ಹಾಗಲ್ಲ. ಇದನ್ನು ಬೆಳೆದು ಮಾರುವವರೂ ಇದ್ದಾರೆ, ಆದರೆ ನಮ್ಮ ಬೀದಿಗೆ ಬರುವುದು ಎಷ್ಟೋ ಸಲ ತಾನೇ ತಾನಾಗಿ ಬೆಳೆದದ್ದು, ಎಲ್ಲಿ ತೇವ ಇದೆಯೋ ಅಲ್ಲಿಂದ ಕೊಯ್ದು ತಂದದ್ದು. ಈಗಿನ ಬೆಂಗಳೂರಿನಲ್ಲಿ ವರ್ಷವಿಡೀ ತೇವ ಇರುವ ಜಾಗ ಯಾವುದು ಅಂತ ನಮಗೆಲ್ಲ ಗೊತ್ತೇ ಇದೆಯಲ್ಲ? ಹಾಗಾಗಿ ಈ ಸೊಪ್ಪಿನ ಬಗ್ಗೆ ಸ್ವಲ್ಪ ತಿಳಿದುಕೊಂಡು ಕೊಳ್ಳೋದು ಒಳ್ಳೆಯದು.

ಏನಿದು ಹೊನಗೊನ್ನೆ?

ಹೊನಗೊನ್ನೆ, ಹೊನ್ನಗೊನ್ನೆ, ಹೊನಗನ್ನೆ... ಒಂದೊಂದು ಊರಿನಲ್ಲಿ ಒಂದೊಂದು ಉಚ್ಚಾರ. ತಮಿಳಿನವರಿಗೆ ಪೊನ್ನಾಂಗಣ್ಣಿ, ತೆಲುಗಿನವರಿಗೆ ಪೊನ್ನಗಂಟಿ ಕೂರ. ಹೆಸರಲ್ಲೇ 'ಹೊನ್ನು' ಇರುವುದರಿಂದ, ಇದನ್ನು ತಿಂದರೆ ಮೈ ಹೊನ್ನಿನ ಬಣ್ಣ ಬರುತ್ತದೆ ಅಂತ ಹಿರಿಯರು ಹೇಳುತ್ತಾರೆ. ಸಂಸ್ಕೃತದಲ್ಲಿ ಇದಕ್ಕೆ ಮತ್ಸ್ಯಾಕ್ಷಿ, ಅಂದರೆ ಮೀನಿನ ಕಣ್ಣಿನಂಥದ್ದು, ಅನ್ನುವ ಚೆಂದದ ಹೆಸರಿದೆ.

ಸಸ್ಯಶಾಸ್ತ್ರದವರು ಇದನ್ನು ಆಲ್ಟರ್ನಾಂಥೆರಾ ಸೆಸೈಲಿಸ್ ಅನ್ನುತ್ತಾರೆ. ನಾಲಿಗೆ ತೊಡರುವ ಹೆಸರೇನೋ ನಿಜ, ಆದರೆ 'ಸೆಸೈಲಿಸ್' ಅನ್ನೋ ಮಾತನ್ನು ಮಾತ್ರ ನೆನಪಿಡಿ. ತೊಟ್ಟಿಲ್ಲದ್ದು ಅಂತ ಅದರ ಅರ್ಥ. ಇದರ ಹೂವಿಗೆ ತೊಟ್ಟಿರುವುದಿಲ್ಲ, ಎಲೆಯ ಬುಡದಲ್ಲೇ ಕಾಂಡಕ್ಕೆ ಅಂಟಿಕೊಂಡು ಕೂತಿರುತ್ತದೆ. ಸ್ವೀಡನ್ನಿನ ಲಿನೇಯಸ್ 1753ರಲ್ಲೇ ಇದನ್ನು ದಾಖಲಿಸುವಾಗ 'ಸೆಸೈಲಿಸ್' ಅಂತ ಕರೆದದ್ದು ಈ ಗುಣಕ್ಕೇ. ಮುಂದೆ ಅಸಲಿ ಹೊನಗೊನ್ನೆ ಗುರುತಿಸುವಾಗ ಇದೇ ನಮಗೆ ಉಪಯೋಗಕ್ಕೆ ಬರುತ್ತದೆ.

ದಂಟು, ಹರಿವೆ, ಕೀರೆ ಎಲ್ಲ ಸೇರಿರುವ ಕುಟುಂಬವೇ ಇದರದ್ದೂ. ಗದ್ದೆಯ ಬದು, ಕಾಲುವೆಯ ಅಂಚು, ಕೆರೆಯಂಗಳ, ತೋಟದ ಹಸಿ ಮಣ್ಣು, ಬೋರ್‌ವೆಲ್ಲಿನ ನೀರು ಹರಿಯುವ ಕಡೆ, ಹೀಗೆ ಎಲ್ಲಿ ಬೇಕಾದರೂ ನೆಲಕ್ಕೆ ಅಂಟಿಕೊಂಡು ಹಬ್ಬುತ್ತದೆ. ನೆಲ ತಾಗಿದ ಪ್ರತಿ ಗೆಣ್ಣಿನಲ್ಲೂ ಬೇರು ಬಿಡುತ್ತದೆ. ಭತ್ತದ ರೈತರ ಪಾಲಿಗೆ ಇದೊಂದು ಕಳೆ. ಆ ಕಳೆಯನ್ನೇ ಕಿತ್ತು ಸಾರು ಮಾಡಿದ ಜಾಣೆಯರು ನಮ್ಮ ಅಜ್ಜಿಯಂದಿರು!

ಬೆರಕೆ ಸೊಪ್ಪಿನ ಕಾಲ

ನಮ್ಮ ಸುತ್ತಲಿನ ಹೆಸರುಗಳನ್ನೇ ಒಮ್ಮೆ ಕೇಳಿ ನೋಡಿ. ಹೊಸಹಳ್ಳಿ, ಮಾರೇನಹಳ್ಳಿ, ಅತ್ತಿಗುಪ್ಪೆ, ಮೂಡಲಪಾಳ್ಯ, ಪಂತರಪಾಳ್ಯ, ನಾಯಂಡಹಳ್ಳಿ. ಎಲ್ಲವೂ ಹಳ್ಳಿಗಳೇ. ಈಗ ಮೆಟ್ರೋ ಇಳಿದು ಬರುವ ಈ ಜಾಗಗಳೆಲ್ಲ ಒಂದು ಕಾಲಕ್ಕೆ ಹೊಲ, ತೋಟ, ಕೆರೆ, ಕಟ್ಟೆ ಇದ್ದ ಊರುಗಳು. ಮಳೆಗಾಲ ಬಂತೆಂದರೆ ಹೆಂಗಸರು ಮಡಿಲು ಕಟ್ಟಿಕೊಂಡು ಬದುಗಳ ಮೇಲೆ ಹೊರಡುತ್ತಿದ್ದರು. ಹೊನಗೊನ್ನೆ, ಅಣ್ಣೆ ಸೊಪ್ಪು, ಗೋಣಿ ಸೊಪ್ಪು, ಕನ್ನೆ ಸೊಪ್ಪು, ಗಣಿಕೆ ಸೊಪ್ಪು, ತಗಚೆಯ ಚಿಗುರು, ಒಂದಿಷ್ಟು ನುಗ್ಗೆ ಎಲ್ಲ ಸೇರಿದರೆ ಅದೇ ಬೆರಕೆ ಸೊಪ್ಪು. ಅದರ ಮಸ್ಸೊಪ್ಪು, ಜೊತೆಗೆ ಬಿಸಿ ಮುದ್ದೆ. ಒಂದು ಪೈಸೆ ಖರ್ಚಿಲ್ಲದೆ ಮನೆಮಂದಿಯ ಊಟ!

ಆ ಕೆರೆಗಳು ಏನಾದವು ಅಂತ ಬೆಂಗಳೂರಿನವರಿಗೆ ಬಿಡಿಸಿ ಹೇಳಬೇಕಿಲ್ಲ. ಧರ್ಮಾಂಬುಧಿ ಕೆರೆ ಇದ್ದ ಜಾಗದಲ್ಲಿ ಮೆಜೆಸ್ಟಿಕ್ ಬಸ್ ನಿಲ್ದಾಣ ಇದೆ. ಸಂಪಂಗಿ ಕೆರೆ ಇದ್ದಲ್ಲಿ ಕಂಠೀರವ ಸ್ಟೇಡಿಯಂ ಇದೆ. ಊರಿನ ಹೆಂಗಸರು ಕೆರೆಯ ದಡದಲ್ಲಿ ಸೊಪ್ಪು ಆರಿಸುವ ರೂಢಿಯ ಬಗ್ಗೆ ಹರಿಣಿ ನಾಗೇಂದ್ರ ಅವರಂಥ ಪರಿಸರ ವಿಜ್ಞಾನಿಗಳು ಅಧ್ಯಯನ ಮಾಡಿ ಬರೆದಿದ್ದಾರೆ. ಕೆರೆ ಹೋದರೂ ಆ ರೂಢಿ ಪೂರ್ತಿ ಹೋಗಿಲ್ಲ ಅನ್ನುವುದು ಗಮನಿಸಬೇಕಾದ ವಿಷಯ. ಹೊನಗೊನ್ನೆಯೂ ಹೋಗಿಲ್ಲ. ಅದಕ್ಕೆ ಬೇಕಾದ್ದು ತೇವ ಅಷ್ಟೇ. ಅದು ಮಳೆ ನೀರೋ ಮೋರಿ ನೀರೋ ಅಂತ ಅದು ಕೇಳುವುದಿಲ್ಲ.

ನೀರಿನ ಜೊತೆ ಏನೇನು ಬರುತ್ತೆ?

ನಮ್ಮ ವಿಜಯನಗರದ ಕಡೆಯ ಮೋರಿಗಳೆಲ್ಲ ಕಡೆಗೆ ಹೋಗಿ ಸೇರುವುದು ವೃಷಭಾವತಿಗೆ. ಬಸವನಗುಡಿಯ ದೊಡ್ಡ ಬಸವಣ್ಣನ ಪಾದದ ಬಳಿ ಹುಟ್ಟಿದಳು ಅನ್ನುವ ನಂಬಿಕೆಯಿಂದಲೇ ಈ ನದಿಗೆ ವೃಷಭಾವತಿ ಅನ್ನುವ ಹೆಸರು ಬಂದಿದ್ದು. ಮೈಸೂರು ರಸ್ತೆಯ ಗಾಳಿ ಆಂಜನೇಯನ ಗುಡಿಯ ಪಕ್ಕದಲ್ಲಿ, ನಾಯಂಡಹಳ್ಳಿ, ಕೆಂಗೇರಿ ದಾಟಿ, ಬಿಡದಿ ಹತ್ತಿರದ ಬೈರಮಂಗಲ ಕೆರೆ ಸೇರಿ, ಮುಂದೆ ಅರ್ಕಾವತಿಗೆ ಕೂಡುತ್ತಾಳೆ. ದಾರಿಯುದ್ದಕ್ಕೂ ಮನೆಗಳ ಕೊಳಚೆ, ಅದರ ಜೊತೆ ಸಣ್ಣ ದೊಡ್ಡ ಕಾರ್ಖಾನೆಗಳ ನೀರು. ಮೆಟ್ರೋದಲ್ಲಿ ಕೂತು ಆ ಕಡೆ ಹೋಗುವಾಗ ಮೂಗು ಮುಚ್ಚಿಕೊಳ್ಳದವರು ಯಾರಿದ್ದಾರೆ ಹೇಳಿ?

ಇಂಥ ನೀರಿನಲ್ಲಿ ಎರಡು ಬಗೆಯ ಅಪಾಯ ಇರುತ್ತದೆ. ಒಂದು, ರೋಗಾಣು ಮತ್ತು ಹುಳುವಿನ ಮೊಟ್ಟೆ. ಇವು ಎಲೆಯ ಮೇಲೆ ಅಂಟಿರುತ್ತವೆ. ಚೆನ್ನಾಗಿ ತೊಳೆದು, ಚೆನ್ನಾಗಿ ಬೇಯಿಸಿದರೆ ಇವುಗಳ ಕಾಟ ಬಹುಮಟ್ಟಿಗೆ ತಪ್ಪುತ್ತದೆ. ಇನ್ನೊಂದು, ಸೀಸ, ಕ್ಯಾಡ್ಮಿಯಂ, ಕ್ರೋಮಿಯಂ, ನಿಕಲ್‌ನಂಥ ಭಾರ ಲೋಹಗಳು. ಎಲೆಯ ಮೇಲೆ ಕೂತ ಧೂಳಿನಲ್ಲಿರುವ ಲೋಹ ತೊಳೆದರೆ ಹೋಗುತ್ತದೆ. ಆದರೆ ಬೇರಿನ ಮೂಲಕ ಗಿಡದ ಒಳಗೇ ಹೋಗಿ ಕೂತಿದ್ದು ಉಪ್ಪುನೀರಿನಲ್ಲಿ ನೆನೆಸಿದರೂ ಹೋಗುವುದಿಲ್ಲ, ಅರಿಶಿನದ ನೀರಿನಲ್ಲಿ ಅದ್ದಿದರೂ ಹೋಗುವುದಿಲ್ಲ, ಕುಕ್ಕರಿನಲ್ಲಿ ಮೂರು ವಿಷಲ್ ಕೂಗಿಸಿದರೂ ಅಷ್ಟೇ.

ಸೊಪ್ಪಿನ ಗಿಡಗಳು ಲೋಹವನ್ನು ಎಲೆಗೆ ಏರಿಸಿಕೊಳ್ಳುವುದರಲ್ಲಿ ಮುಂದು. ಅದರಲ್ಲೂ ಹೊನಗೊನ್ನೆಯ ಜಾತಿಯ ಗಿಡಗಳು ಎಷ್ಟು ಚುರುಕು ಅಂದರೆ, ಕೊಳಚೆ ನೀರಿನಿಂದ ಲೋಹ ತೆಗೆಯಲು ಇವನ್ನು ಬಳಸಬಹುದೇ ಅಂತ ವಿಜ್ಞಾನಿಗಳು ಪ್ರಯೋಗಗಳನ್ನೇ ಮಾಡಿದ್ದಾರೆ. ನೀರನ್ನು ಶುದ್ಧ ಮಾಡಲು ಒಳ್ಳೆಯ ಗುಣವೇ. ಆದರೆ ಆ ಗಿಡವೇ ನಮ್ಮ ತಟ್ಟೆಗೆ ಬಂದರೆ?

ಸೀಸ ಮಕ್ಕಳ ಮಿದುಳಿನ ಬೆಳವಣಿಗೆಗೆ ಕೆಟ್ಟದ್ದು. ಇಷ್ಟರವರೆಗೆ ಪರವಾಗಿಲ್ಲ ಅನ್ನುವಂಥ ಸುರಕ್ಷಿತ ಮಟ್ಟವೇ ಸೀಸಕ್ಕೆ ಇಲ್ಲ ಅನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ಗರ್ಭಿಣಿಯರ ಮೈಯಿಂದ ಅದು ಮಗುವಿಗೂ ದಾಟುತ್ತದೆ. ಕ್ಯಾಡ್ಮಿಯಂ ವರ್ಷಗಟ್ಟಲೆ ಮೂತ್ರಪಿಂಡದಲ್ಲಿ ಸೇರಿಕೊಂಡು ತೊಂದರೆ ಕೊಡುತ್ತದೆ. ಇವತ್ತು ತಿಂದು ನಾಳೆ ಹೊಟ್ಟೆನೋವು ಬರುವಂಥದ್ದಲ್ಲ ಇದು. ಹಾಗಾಗಿಯೇ ನಮ್ಮ ಗಮನಕ್ಕೆ ಬರುವುದಿಲ್ಲ.

ಇದು ಹೊನಗೊನ್ನೆ ಒಂದರ ಕಥೆಯೂ ಅಲ್ಲ. 2023ರಲ್ಲಿ ರಾಜ್ಯದ ಪರಿಸರ ನಿರ್ವಹಣೆ ಮತ್ತು ನೀತಿ ಸಂಶೋಧನಾ ಸಂಸ್ಥೆ, ಅಂದರೆ ಎಂಪ್ರಿ, ಬೆಂಗಳೂರಿನ ಅಂಗಡಿಗಳಿಂದ 10 ಬಗೆಯ ತರಕಾರಿಗಳ 400 ಮಾದರಿ ತೆಗೆದು ಪರೀಕ್ಷೆ ಮಾಡಿದಾಗ ಹಲವು ಮಾದರಿಗಳಲ್ಲಿ ಭಾರ ಲೋಹ ಮಿತಿ ಮೀರಿತ್ತು. ಅಂದಮೇಲೆ ನೇರವಾಗಿ ಕೊಳಚೆಯ ಅಂಚಿನಲ್ಲೇ ಬೆಳೆದ ಸೊಪ್ಪಿನ ಬಗ್ಗೆ ಇನ್ನಷ್ಟು ಎಚ್ಚರ ಬೇಡವೇ?

ಹಾಗಂತ ಸೊಪ್ಪಿನ ಅಜ್ಜಿಯನ್ನು ಬೈದು ಕಳಿಸುವುದು ನ್ಯಾಯವಲ್ಲ. ಅವರೇನೂ ಮೋಸ ಮಾಡಬೇಕು ಅಂತ ತರುವುದಿಲ್ಲ. ಅವರ ಅಮ್ಮ, ಅಜ್ಜಿ ಕೊಯ್ದ ಜಾಗದಲ್ಲೇ ಇವರೂ ಕೊಯ್ಯುತ್ತಾರೆ. ಕೆಟ್ಟಿದ್ದು ಆ ಜಾಗದ ನೀರು. ಕೆಡಿಸಿದ್ದು ನಾವೆಲ್ಲ ಸೇರಿ ಬೆಳೆಸಿದ ಊರು. ಎಷ್ಟೋ ಸಲ ಮಿಕ್ಕ ಸೊಪ್ಪನ್ನು ಅವರ ಮನೆಯಲ್ಲೂ ಬೇಯಿಸಿ ತಿನ್ನುತ್ತಾರೆ.

ಇದರ ಅಣ್ಣತಮ್ಮ ಯಾರು?

ಎರಡನೇ ತೊಂದರೆ ಹೊನಗೊನ್ನೆಯಂತೆಯೇ ಕಾಣುವ ಇನ್ನೊಂದು ಗಿಡದ್ದು. ಅಲಿಗೇಟರ್ ವೀಡ್ ಅಂತ ಇದರ ಹೆಸರು. ಹೊನಗೊನ್ನೆಯ ದಾಯಾದಿಯೇ ಅನ್ನಿ, ಆದರೆ ಮೂಲ ದಕ್ಷಿಣ ಅಮೆರಿಕ. ಹೇಗೋ ಪ್ರಪಂಚವೆಲ್ಲ ಹರಡಿ ನಮ್ಮ ಬೆಂಗಳೂರಿನ ಕೆರೆಗಳಿಗೂ ಬಂದಿದೆ. ಕೊಳಚೆ ತುಂಬಿದ ಕೆರೆಯ ಮೇಲೆ ಹಸಿರು ಜಮಖಾನ ಹಾಸಿದ ಹಾಗೆ ತೇಲುತ್ತದಲ್ಲ, ಅದರಲ್ಲಿ ನೀರು ಹಯಸಿಂತ್ ಜೊತೆ ಇದರ ಪಾಲೂ ಇರುತ್ತದೆ. ನೋಡಲು ಹೊನಗೊನ್ನೆಗಿಂತ ದಷ್ಟಪುಷ್ಟ. ಎಲೆ ದೊಡ್ಡದು, ಕೊಯ್ದರೆ ಬೇಗ ಬುಟ್ಟಿ ತುಂಬುತ್ತದೆ. ಹೀಗಾಗಿ ಹೊನಗೊನ್ನೆಯ ಹೆಸರಿನಲ್ಲೇ ಮನೆಗೆ ಬಂದುಬಿಡುವುದುಂಟು.

ಈ ಗಲಿಬಿಲಿ ನಮ್ಮೂರಿನದ್ದು ಮಾತ್ರ ಅಂದುಕೊಳ್ಳಬೇಡಿ. ಶ್ರೀಲಂಕಾದಲ್ಲಿ ಹೊನಗೊನ್ನೆಗೆ ಮುಕುನುವೆನ್ನ ಅನ್ನುತ್ತಾರೆ. ನಮಗೆ ಪಾಲಕ್ ಹೇಗೋ ಅವರಿಗೆ ಅದು ಹಾಗೆ. ಸಣ್ಣಗೆ ಹೆಚ್ಚಿ ತೆಂಗಿನತುರಿ ಹಾಕಿ 'ಮಲ್ಲುಂ' ಮಾಡಿಕೊಂಡು ಅನ್ನದ ಜೊತೆ ತಿನ್ನುತ್ತಾರೆ. ಆಸ್ಟ್ರೇಲಿಯಾಕ್ಕೆ ಹೋಗಿ ನೆಲೆಸಿದ ಲಂಕಾ ಕುಟುಂಬಗಳು ಊರಿನ ರುಚಿಯ ನೆನಪಿಗೆ ಹಿತ್ತಿಲಲ್ಲಿ ಮುಕುನುವೆನ್ನ ಬೆಳೆಸಿಕೊಂಡಿದ್ದವು. 1990ರ ದಶಕದಲ್ಲಿ ಮೆಲ್ಬರ್ನ್ ನಗರದಲ್ಲಿ ಪರೀಕ್ಷಿಸಿದಾಗ ಗೊತ್ತಾಯಿತು, ಅದು ಮುಕುನುವೆನ್ನ ಅಲ್ಲವೇ ಅಲ್ಲ, ಅಲಿಗೇಟರ್ ವೀಡ್! ಆ ದೇಶದಲ್ಲಿ ಅದನ್ನು ಬೆಳೆಸುವುದೇ ನಿಷಿದ್ಧ. ಯಾಕೆಂದರೆ ಒಂದು ತುಂಡು ಕಾಂಡ ನದಿಗೆ ಬಿದ್ದರೂ ಸಾಕು, ಮೈಲಿಗಟ್ಟಲೆ ಹಬ್ಬುತ್ತದೆ. ಅಲ್ಲಿನ ಅಧಿಕಾರಿಗಳು ದಂಡ ಹಾಕಿ ಕೈತೊಳೆದುಕೊಳ್ಳಲಿಲ್ಲ. ಗಿಡವನ್ನು ಕಿತ್ತು, ಅದರ ಬದಲಿಗೆ ಅಡುಗೆಗೆ ಒದಗುವ ಆ ದೇಶದ್ದೇ ಒಂದು ಹೊನಗೊನ್ನೆ ಜಾತಿಯ ಗಿಡವನ್ನು ಆ ಕುಟುಂಬಗಳಿಗೆ ಪರಿಚಯ ಮಾಡಿಸಿದರು. ಜನರ ರೂಢಿಗೂ ಮರ್ಯಾದೆ ಕೊಟ್ಟ ಹಾಗಾಯಿತು, ನದಿಯೂ ಉಳಿಯಿತು.

ಗುರುತು ಹಿಡಿಯೋದು ಹೇಗೆ?

ಕಟ್ಟು ಕೈಗೆ ತಗೊಂಡಾಗ ಇಷ್ಟು ನೋಡಿ.

* ಹೂವು: ಇದೇ ಎಲ್ಲಕ್ಕಿಂತ ನಂಬಬಹುದಾದ ಗುರುತು. ಹೊನಗೊನ್ನೆಯ ಬಿಳಿ ಹೂಗುಚ್ಛ ಸಣ್ಣದು, ಎಲೆಯ ಬುಡದಲ್ಲಿ ಕಾಂಡಕ್ಕೇ ಅಂಟಿಕೊಂಡಿರುತ್ತದೆ. ಅಲಿಗೇಟರ್ ವೀಡ್‌ನ ಹೂಗುಚ್ಛ ದೊಡ್ಡದು, ಉದ್ದನೆಯ ತೊಟ್ಟಿನ ತುದಿಯಲ್ಲಿ ಪುಟಾಣಿ ಬಿಳಿ ಚೆಂಡಿನ ಹಾಗೆ ನಿಂತಿರುತ್ತದೆ. 'ಸೆಸೈಲಿಸ್' ನೆನಪಿದೆಯಲ್ಲ? ತೊಟ್ಟಿದ್ದರೆ ಹೊನಗೊನ್ನೆ ಅಲ್ಲ.

* ಕಾಂಡ: ದಪ್ಪ ಕಾಂಡವೊಂದನ್ನು ಮುರಿದು ನೋಡಿ. ಅಲಿಗೇಟರ್ ವೀಡ್‌ನ ಕಾಂಡ ಜ್ಯೂಸ್ ಕುಡಿಯುವ ಸ್ಟ್ರಾ ಥರ ಒಳಗೆ ಟೊಳ್ಳು. ಹೊನಗೊನ್ನೆಯದ್ದು ತೆಳು. ಆದರೆ ನೀರಿನಲ್ಲೇ ಬೆಳೆದ ಹೊನಗೊನ್ನೆಯ ಕಾಂಡವೂ ಕೆಲವೊಮ್ಮೆ ಉಬ್ಬಿರುವುದರಿಂದ ಇದೊಂದನ್ನೇ ನಂಬಬೇಡಿ, ಹೂವನ್ನೂ ನೋಡಿ.

* ಎಲೆ: ಎಲೆಗಳೆಲ್ಲ ನಿಮ್ಮ ತೋರುಬೆರಳಿಗಿಂತ ಉದ್ದ, ದಪ್ಪ, ಮಿರಮಿರ ಅನ್ನುವಂತಿದ್ದರೆ ಅನುಮಾನ ಪಡಿ.

* ಬೇರು ಮತ್ತು ವಾಸನೆ: ಬೇರಿಗೆ ಕಪ್ಪು ರಾಡಿ ಅಂಟಿದ್ದರೆ, ಮೋರಿಯ ವಾಸನೆ ಬಂದರೆ ಯೋಚನೆಯೇ ಬೇಡ, ವಾಪಸ್ ಕೊಡಿ.

ಗುರುತು ಸರಿಯಾಯಿತು ಅಂದ ಮೇಲೂ ಒಂದು ಪ್ರಶ್ನೆ ಉಳಿಯುತ್ತದೆ. ಅಸಲಿ ಹೊನಗೊನ್ನೆಯೇ ಆದರೂ ಕೊಳಚೆಯಲ್ಲಿ ಬೆಳೆದಿದ್ದರೆ ಅದೂ ಬೇಡ. ಇದನ್ನು ಕಣ್ಣಿನಲ್ಲಿ ನೋಡಿ ಹೇಳಲು ಆಗುವುದಿಲ್ಲ, ಬಾಯಿಬಿಟ್ಟು ಕೇಳಲೇಬೇಕು. "ಅಜ್ಜಿ, ಎಲ್ಲಿ ಕೊಯ್ದಿದ್ದು ಇದು?" ಅಂತ ನಗುನಗುತ್ತಾ ಕೇಳಿ. "ನಮ್ಮ ತೋಟದ್ದೇ ಕಣಮ್ಮಾ, ಬೋರಿನ ನೀರು" ಅಂದರೆ ಸಮಾಧಾನ. "ಇಲ್ಲೇ ಆ ಕಡೆ ಕಾಲುವೆ ಪಕ್ಕ ಕುಯ್ಕಂಡ್ ಬಂದೆ ಕಣವ್ವ" ಅಂದರೆ ಆ ಕಟ್ಟು ಬಿಟ್ಟು ಬೇರೆ ಏನಾದರೂ ತಗೊಳ್ಳಿ. ಒಂದು ಬೀದಿಯ ನಾಲ್ಕು ಮನೆಯವರು ಹೀಗೆ ಕೇಳಲು ಶುರು ಮಾಡಿದರೆ ಎಲ್ಲಿಂದ ತರಬೇಕು ಅನ್ನುವುದನ್ನು ಅವರೂ ಯೋಚಿಸುತ್ತಾರೆ. ತೋಟದ ಸೊಪ್ಪಿಗೆ ಐದು ರೂಪಾಯಿ ಹೆಚ್ಚು ಕೇಳಿದರೆ ಚೌಕಾಸಿ ಮಾಡಬೇಡಿ.

ಕಣ್ಣಿಗೆ ಒಳ್ಳೇದು, ನಿಜವಾ?

ಅರ್ಧ ನಿಜ. ಹೊನಗೊನ್ನೆಯಲ್ಲಿ ಬೀಟಾ ಕ್ಯಾರೋಟಿನ್ ಇದೆ. ನಮ್ಮ ದೇಹ ಇದನ್ನು ವಿಟಮಿನ್ 'ಎ' ಆಗಿ ಬದಲಾಯಿಸಿಕೊಳ್ಳುತ್ತದೆ. ವಿಟಮಿನ್ 'ಎ' ಕಡಿಮೆಯಾದರೆ ಇರುಳುಗುರುಡು ಬರುತ್ತದೆ. ಹಾಲು, ತುಪ್ಪ, ಮೊಟ್ಟೆ ಎಲ್ಲರಿಗೂ ಸಿಗದಿದ್ದ ಕಾಲದಲ್ಲಿ ಬದುವಿನ ಸೊಪ್ಪು ಎಷ್ಟೋ ಮಕ್ಕಳ ಕಣ್ಣು ಕಾಪಾಡಿದ್ದಿರಬೇಕು. ಹಿರಿಯರ ಮಾತು ಬಂದಿದ್ದು ಅಲ್ಲಿಂದಲೇ ಅಂತ ನನಗನಿಸುತ್ತದೆ.

ಆದರೆ ಮಗುವಿಗೆ ಬೋರ್ಡು ಕಾಣಿಸದಿರುವುದಕ್ಕೆ ಕಾರಣ ಬೇರೆ. ಅದು ಕಣ್ಣುಗುಡ್ಡೆಯ ಆಕಾರಕ್ಕೆ ಸಂಬಂಧಿಸಿದ್ದು. ಎಷ್ಟು ಹೊನಗೊನ್ನೆ ತಿಂದರೂ ಕನ್ನಡಕದ ನಂಬರ್ ಇಳಿಯುವುದಿಲ್ಲ. ಸೊಪ್ಪು ತಿನ್ನಿಸುತ್ತಿದ್ದೇವಲ್ಲ ಅಂತ ಕಣ್ಣಿನ ಡಾಕ್ಟರ ಹತ್ತಿರ ಹೋಗುವುದನ್ನು ಮಾತ್ರ ಮುಂದೂಡಬೇಡಿ.

ಇನ್ನು ಕ್ಯಾಲ್ಸಿಯಂ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯ ಹಳೆಯ ಕೋಷ್ಟಕದ ಪ್ರಕಾರ 100 ಗ್ರಾಂ ಹೊನಗೊನ್ನೆಯಲ್ಲಿ ಸುಮಾರು 500 ಮಿಲಿಗ್ರಾಂ ಕ್ಯಾಲ್ಸಿಯಂ ಇದೆ. ಕೇಳಲು ಬಹಳ ಅನ್ನಿಸುತ್ತದೆ. ಆದರೆ ದಂಟಿನ ಕುಟುಂಬದ ಸೊಪ್ಪುಗಳಲ್ಲಿ ಆಕ್ಸಲೇಟ್ ಅನ್ನುವ ವಸ್ತುವೂ ಇರುವುದರಿಂದ ಅಷ್ಟೂ ನಮ್ಮ ಮೈಗೆ ಹತ್ತುವುದಿಲ್ಲ. ಕಿಡ್ನಿಯಲ್ಲಿ ಕಲ್ಲು ಬಂದವರು ಈ ಸೊಪ್ಪನ್ನು ಪದೇ ಪದೇ ತಿನ್ನದಿರುವುದು ಒಳ್ಳೆಯದು. ರಕ್ತ ತೆಳುವಾಗಿಸುವ ವಾರ್ಫರಿನ್ ಮಾತ್ರೆ ತೆಗೆದುಕೊಳ್ಳುವ ಹಿರಿಯರು ಮನೆಯಲ್ಲಿದ್ದರೆ ಸೊಪ್ಪಿನ ಪ್ರಮಾಣ ಏಕಾಏಕಿ ಹೆಚ್ಚು ಕಡಿಮೆ ಮಾಡಬೇಡಿ, ವೈದ್ಯರನ್ನು ಒಂದು ಮಾತು ಕೇಳಿ.

ಒಂದು ಸಣ್ಣ ಟಿಪ್ಸ್. ಬೀಟಾ ಕ್ಯಾರೋಟಿನ್ ಮೈಗೆ ಸೇರಬೇಕಾದರೆ ಸ್ವಲ್ಪ ಜಿಡ್ಡು ಬೇಕು. ಡಯಟ್ ಅಂತ ಸೊಪ್ಪನ್ನು ಬರೀ ನೀರಿನಲ್ಲಿ ಬೇಯಿಸಿ ತಿನ್ನುವ ಬದಲು ಒಂದು ಚಮಚ ಎಣ್ಣೆಯ ಒಗ್ಗರಣೆಯೋ ತೆಂಗಿನತುರಿಯೋ ಜೊತೆಗಿರಲಿ. ಈ ವಿಷಯದಲ್ಲಿ ಅಜ್ಜಿಯ ಕೈಯಡುಗೆಯೇ ಸರಿ!

ಇಷ್ಟೆಲ್ಲ ಯಾಕೆ, ಮನೆಯಲ್ಲೇ ಬೆಳೆಯಿರಿ

ಇದಕ್ಕಿಂತ ಸುಲಭದ ಗಿಡ ಇನ್ನೊಂದಿಲ್ಲ. ಬೀಜ ಬೇಡ, ನರ್ಸರಿಗೆ ಹೋಗಬೇಕಿಲ್ಲ. 30X40 ಸೈಟಿನ ಬಾಡಿಗೆ ಮನೆಯಲ್ಲಿ ಇರುವವರೂ ಬಟ್ಟೆ ಒಣಗಿಸುವ ಟೆರೇಸಿನ ಮೂಲೆಯಲ್ಲೋ, ಬಾಲ್ಕನಿಯಲ್ಲೋ ಬೆಳೆಸಬಹುದು.

ಹೂವು ನೋಡಿ ಅಸಲಿ ಅಂತ ಖಾತ್ರಿ ಮಾಡಿಕೊಂಡ ಒಂದು ಕಟ್ಟಿನಿಂದ ಬಲಿತ ಕಾಂಡ ಏಳೆಂಟು ತೆಗೆದಿಡಿ. ಒಂದು ಗೇಣುದ್ದ ಇರಲಿ, ಮೂರ್ನಾಲ್ಕು ಗೆಣ್ಣು ಇರಲಿ. ಅಗಲ ಬಾಯಿಯ ಕುಂಡವೋ ಹಳೆಯ ಪ್ಲಾಸ್ಟಿಕ್ ಟಬ್ಬೋ ಆಗುತ್ತದೆ, ತಳದಲ್ಲಿ ತೂತು ಇರಬೇಕು. ಪೇಂಟಿನ ಡಬ್ಬಿ, ಆಸಿಡ್ ಕ್ಯಾನು ಮಾತ್ರ ಬೇಡವೇ ಬೇಡ. ಎರಡು ಪಾಲು ಕೆಂಪು ಮಣ್ಣಿಗೆ ಒಂದು ಪಾಲು ಹಳೆಯ ಸಗಣಿ ಗೊಬ್ಬರ ಅಥವಾ ಎರೆಹುಳು ಗೊಬ್ಬರ ಬೆರೆಸಿ. ಎರಡು ಗೆಣ್ಣು ಮಣ್ಣಿನೊಳಗೆ ಹೋಗುವಂತೆ ಕಾಂಡ ಊರಿ, ನಾಲ್ಕು ದಿನ ನೆರಳಿನಲ್ಲಿಡಿ. ವಾರ ಹತ್ತು ದಿನದಲ್ಲಿ ಚಿಗುರು ಕಾಣುತ್ತದೆ. ಆಮೇಲೆ ಅರ್ಧ ದಿನ ಬಿಸಿಲು ಬೀಳುವ ಕಡೆ ಇಡಿ.

ಮಣ್ಣು ಸದಾ ಒದ್ದೆ ಇರಬೇಕು. ನೀರು ಎಲ್ಲಿಂದ ತರೋದು ಅಂತೀರಾ? 2024ರ ಬೇಸಿಗೆ ಮರೆತಿಲ್ಲ ತಾನೆ? ಕುಡಿಯುವ ನೀರನ್ನು ಗಿಡಕ್ಕೆ ಹಾಕಿದರೆ 5,000 ರೂಪಾಯಿ ದಂಡ ಅಂತ ಜಲಮಂಡಳಿ ಆದೇಶ ಹೊರಡಿಸಿತ್ತು. ಹೊನಗೊನ್ನೆಗೆ ಕಾವೇರಿ ನೀರೇ ಬೇಕಾಗಿಲ್ಲ. ಅಕ್ಕಿ ಬೇಳೆ ತೊಳೆದ ನೀರು, ತರಕಾರಿ ತೊಳೆದ ನೀರು ಧಾರಾಳ ಸಾಕು. ಪಾತ್ರೆ ತೊಳೆದ ಸೋಪಿನ ನೀರು, ವಾಷಿಂಗ್ ಮಷೀನಿನ ನೀರು ಬೇಡ. ಕುಂಡದ ಕೆಳಗಿನ ತಟ್ಟೆಯಲ್ಲಿ ನೀರು ನಿಲ್ಲದ ಹಾಗೆ ನೋಡಿಕೊಳ್ಳಿ, ಇಲ್ಲದಿದ್ದರೆ ಡೆಂಗ್ಯೂ ಸೊಳ್ಳೆಗೆ ನಾವೇ ಮನೆ ಕಟ್ಟಿಕೊಟ್ಟ ಹಾಗಾಗುತ್ತದೆ.

ತಂದ ಕಾಂಡ ಎಲ್ಲಿಯದೋ ಗೊತ್ತಿಲ್ಲದ್ದರಿಂದ ಮೊದಲ ಸಲ ಚಿಗುರಿದ್ದನ್ನು ಕತ್ತರಿಸಿ ಎಸೆದುಬಿಡಿ. ಎರಡನೇ ಚಿಗುರಿನಿಂದ ಅಡುಗೆಗೆ ಬಳಸಿ. ಮೂರು ನಾಲ್ಕು ವಾರಕ್ಕೊಮ್ಮೆ ತುದಿ ಚಿವುಟುತ್ತಿದ್ದರೆ ಗಿಡ ಪೊದೆಯಾಗಿ ಹಬ್ಬುತ್ತದೆ. ಬೇರು ಸಮೇತ ಕೀಳಬೇಡಿ. ನಾಲ್ಕು ಜನರ ಮನೆಗೆ ಅಂಥ ಮೂರು ಟಬ್ಬು ಇದ್ದರೆ ಹದಿನೈದು ದಿನಕ್ಕೊಮ್ಮೆ ಪಲ್ಯಕ್ಕಾಗುವಷ್ಟು ಸಿಗುತ್ತದೆ. ಕತ್ತರಿಸಿದ ಕಾಂಡ ಮಿಕ್ಕರೆ ಮೋರಿಗೆ ಎಸೆಯಬೇಡಿ, ಬಿಸಿಲಿಗೆ ಒಣಗಿಸಿ ಹಸಿ ಕಸಕ್ಕೆ ಹಾಕಿ.

ಅಡುಗೆ ಮನೆಗೆ

ಯಾವುದೇ ಸೊಪ್ಪನ್ನು ಮೊದಲು ಅಗಲ ಪಾತ್ರೆಯಲ್ಲಿ ಕಲ್ಲುಪ್ಪಿನ ನೀರಿಗೆ ಹತ್ತು ನಿಮಿಷ ಹಾಕಿ, ಮೇಲಿಂದ ಎತ್ತಿ, ಮತ್ತೆರಡು ನೀರಿನಲ್ಲಿ ಜಾಲಿಸಿ. ಮಣ್ಣು ತಳದಲ್ಲಿ ಉಳಿಯುತ್ತದೆ. ಬೀದಿಯಲ್ಲಿ ಕೊಂಡ ಹೊನಗೊನ್ನೆಯನ್ನು ಹಸಿಯಾಗಿ ಜ್ಯೂಸ್, ಚಟ್ನಿ ಮಾಡಬೇಡಿ. ಬೇಯಿಸಿಯೇ ತಿನ್ನಿ.

ಹೊನಗೊನ್ನೆ ಪಲ್ಯ: ಎರಡು ಹಿಡಿ ತೊಗರಿಬೇಳೆ ಅಥವಾ ಹೆಸರುಬೇಳೆಯನ್ನು ಕಾಳು ಕಾಳಾಗಿ ಬೇಯಿಸಿಡಿ. ಬಾಣಲೆಯಲ್ಲಿ ಎರಡು ಚಮಚ ಎಣ್ಣೆಗೆ ಸಾಸಿವೆ, ಉದ್ದಿನಬೇಳೆ, ಒಣಮೆಣಸಿನಕಾಯಿ, ಜಜ್ಜಿದ ಬೆಳ್ಳುಳ್ಳಿ ಹಾಕಿ. ಈರುಳ್ಳಿ ಬಾಡಿದ ಮೇಲೆ ಸಣ್ಣಗೆ ಹೆಚ್ಚಿದ ನಾಲ್ಕು ಬಟ್ಟಲು ಸೊಪ್ಪು ಸೇರಿಸಿ, ಮುಚ್ಚದೆ ಬಾಡಿಸಿ. ಬೆಂದ ಬೇಳೆ, ಉಪ್ಪು, ತೆಂಗಿನತುರಿ ಬೆರೆಸಿ ಇಳಿಸಿ. ಚಪಾತಿಗೂ ಸರಿ, ಸಾರನ್ನಕ್ಕೂ ಸರಿ. ಸೊಪ್ಪು ಅಂದರೆ ಮೂತಿ ತಿರುಗಿಸುವ ಮಕ್ಕಳಿಗೆ ಇದನ್ನೇ ಅಕ್ಕಿರೊಟ್ಟಿ ಹಿಟ್ಟಿಗೆ ಕಲಸಿ ತಟ್ಟಿಕೊಡಿ, ಗೊತ್ತೇ ಆಗುವುದಿಲ್ಲ.

ಬಸ್ಸಾರು: ಬೇಳೆಯ ಜೊತೆ ಸೊಪ್ಪು ಬೇಯಿಸಿ, ಕಟ್ಟು ಬಸಿದು ಇಟ್ಟುಕೊಳ್ಳಿ. ಸುಟ್ಟ ಈರುಳ್ಳಿ, ಬೆಳ್ಳುಳ್ಳಿ, ಸಾರಿನಪುಡಿ, ತೆಂಗಿನತುರಿ, ಹುಣಸೆಹಣ್ಣು, ಒಂದು ಹಿಡಿ ಬೆಂದ ಸೊಪ್ಪು ಬೇಳೆ ಎಲ್ಲ ರುಬ್ಬಿ ಆ ಕಟ್ಟಿಗೆ ಹಾಕಿ ಕುದಿಸಿ. ಮಿಕ್ಕ ಸೊಪ್ಪು ಬೇಳೆಗೆ ಒಗ್ಗರಣೆ ಹಾಕಿದರೆ ಪಲ್ಯ. ಒಂದು ಒಲೆಯಲ್ಲಿ ಎರಡು ಅಡುಗೆ!

ತಂಬುಳಿ: ಇದು ನಿಮ್ಮ ಕುಂಡದ ಸೊಪ್ಪು ಬಂದ ಮೇಲೆ. ಒಂದು ಹಿಡಿ ಎಲೆಯನ್ನು ತುಪ್ಪದಲ್ಲಿ ಜೀರಿಗೆ, ನಾಲ್ಕು ಕಾಳುಮೆಣಸಿನ ಜೊತೆ ಚೆನ್ನಾಗಿ ಬಾಡಿಸಿ, ತೆಂಗಿನತುರಿ ಸೇರಿಸಿ ನುಣ್ಣಗೆ ರುಬ್ಬಿ, ಮಜ್ಜಿಗೆಗೆ ಬೆರೆಸಿ, ಸಾಸಿವೆ ಒಗ್ಗರಣೆ ಕೊಡಿ. ಬಿಸಿಲಿನ ದಿನ ಅನ್ನಕ್ಕೆ ಕಲಸಿಕೊಂಡು ತಿಂದರೆ ಹೊಟ್ಟೆ ತಣ್ಣಗಿರುತ್ತದೆ.

ಕೊನೆಗೊಂದು ಮಾತು. ಅಜ್ಜಿ ಅಮ್ಮ ತಿಂದ ಸೊಪ್ಪನ್ನು ಹೆದರಿಕೊಂಡು ಬಿಟ್ಟುಬಿಡುವುದು ಬೇಡ. ಅವರು ಕೊಯ್ಯುತ್ತಿದ್ದ ಕಾಲದಲ್ಲಿ ಕೆರೆಯ ನೀರು ಹೇಗಿದೆ ಅನ್ನುವುದು ಅವರಿಗೆ ಕಣ್ಣೆದುರೇ ಕಾಣುತ್ತಿತ್ತು, ನಮಗೆ ಈಗ ಕಾಣುವುದಿಲ್ಲ. ಹಾಗಾಗಿ ಕೇಳಿ ತಗೊಳ್ಳೋಣ, ನೋಡಿ ತಗೊಳ್ಳೋಣ. ಈ ಭಾನುವಾರ ಒಂದು ಹಳೆಯ ಟಬ್ಬು ಹುಡುಕಿ ನಾಲ್ಕು ಕಾಂಡ ಊರಿ ನೋಡಿ. ಹಬ್ಬಿದ ಮೇಲೆ ಪಕ್ಕದ ಮನೆಯವರಿಗೂ ನಾಲ್ಕು ಕಡ್ಡಿ ಕೊಡಿ, ಸೊಪ್ಪಿನ ಅಜ್ಜಿ ಕೇಳಿದರೆ ಅವರಿಗೂ!